ಗೋಡೆಯಲ್ಲಿ ಇಲ್ಲದ ಮಗಳು

ಕಳೆದ ವಾರ ಗ್ರೋಸರಿಗೆಂದು ಸಾಂಟಾ ಕ್ಲಾರಾದ ಎಲ್ ಕಮೀನೋ ರಸ್ತೆಗೆ ಹೋಗಿದ್ದೆ. ನಮ್ಮವರ ಅಂಗಡಿಯ ಪಕ್ಕದಲ್ಲೇ ಉಗುರಿಗೆ ಬಣ್ಣ ಹಚ್ಚುವ ಒಂದು ಸಲೂನಿದೆ. ಸೆಕೆಯಿತ್ತು, ಅದರ ಬಾಗಿಲನ್ನು ತೆರೆದಿಟ್ಟಿದ್ದರು. ಒಳಗಿನಿಂದ ಅಸಿಟೋನಿನ ವಾಸನೆ ಬಂತು. ಹಳೆಯ ಬಣ್ಣವನ್ನು ಒರೆಸಿ ತೆಗೆಯುವ ಆ ದ್ರವದ ವಾಸನೆ ಮೂಗಿಗೆ ಚುಚ್ಚುತ್ತದೆ, ಜೊತೆಗೆ ಸ್ವಲ್ಪ ಸಿಹಿಯಾಗಿಯೂ ಇರುತ್ತದೆ. ಕರಿಬೇವಿನ ಚೀಲ ಹಿಡಿದುಕೊಂಡು ಅಲ್ಲೇ ನಿಂತುಬಿಟ್ಟೆ. ನನಗೆ ನೆನಪಾದದ್ದು ಈಜಿಪ್ಟಿನ ಒಂದು ಗೋರಿಯ ಗೋಡೆ, ಮತ್ತು ಆ ಗೋಡೆಯ ಚಿತ್ರಗಳನ್ನು ನಕಲು ಮಾಡುತ್ತ ಆಯುಷ್ಯ ಕಳೆದ ನಮ್ಮ ಎದುರು ಮನೆಯ ಮೇಡಂ.

ಮೊದಲೇ ಹೇಳಿಬಿಡುತ್ತೇನೆ. ಅವರು ನನಗೆ ಇಷ್ಟವಿರಲಿಲ್ಲ. ಅವರಿಗೂ ನನ್ನನ್ನು ಕಂಡರೆ ಆಗುತ್ತಿರಲಿಲ್ಲ. ಸತ್ತವರ ಬಗ್ಗೆ ಒಳ್ಳೆಯದನ್ನೇ ಬರೆಯುವ ಪದ್ಧತಿ ನಮ್ಮಲ್ಲಿದೆ. ನಾನು ಇಲ್ಲಿಯ ಒಂದು ಸ್ಥಳೀಯ ಪತ್ರಿಕೆಯ ಡೆಸ್ಕಿನಲ್ಲಿ ಬಹಳ ವರ್ಷ ಕುಳಿತವನು, ಎಷ್ಟೋ ನಿಧನವಾರ್ತೆಗಳನ್ನು ತಿದ್ದಿ ಅಚ್ಚಿಗೆ ಕಳಿಸಿದ್ದೇನೆ. ಅವುಗಳಲ್ಲಿ ಸತ್ತವರೆಲ್ಲ ಹಸನ್ಮುಖಿಗಳು, ಪರೋಪಕಾರಿಗಳು. ಈ ಮೇಡಂ ನಕ್ಕದ್ದನ್ನು ನಾನು ನೋಡಿದ್ದು ಕಡಿಮೆ. ನಕ್ಕಾಗಲೂ ಯಾರದೋ ಮೇಲೆ ನಗುತ್ತಿದ್ದರು.

ನಾವಿರುವುದು ಎಮರಿವಿಲ್‌ನ ಒಂದು ಅಪಾರ್ಟ್‌ಮೆಂಟಿನಲ್ಲಿ. ಕಾರಿಡಾರಿನ ಈ ಕಡೆ ನಮ್ಮ ಬಾಗಿಲು, ಆ ಕಡೆ ಅವರದು. ಅವರು ಧಾರವಾಡದವರು. ಮದುವೆಯಾಗಿರಲಿಲ್ಲ. ಹತ್ತಿರದ ಒಂದು ವಿಶ್ವವಿದ್ಯಾಲಯದಲ್ಲಿ ಪಾಠ ಹೇಳುತ್ತಿದ್ದರು, ಚಳಿಗಾಲ ಬಂದರೆ ಲಕ್ಸರ್‌ಗೆ ಹೊರಟುಬಿಡುತ್ತಿದ್ದರು. ನೈಲ್ ನದಿಯ ಪಶ್ಚಿಮ ದಂಡೆಯಲ್ಲಿ, ಬೆಟ್ಟದ ಬುಡದಲ್ಲಿ ಕೊರೆದ ಗೋರಿಗಳಿವೆಯಲ್ಲ, ಅವುಗಳಲ್ಲಿ ಒಂದು ಅವರ ಪಾಲಿಗೆ ಬಂದಿತ್ತು. ರಾಜನ ಗೋರಿಯೇನಲ್ಲ. ಯಾವನೋ ಒಬ್ಬ ಅಧಿಕಾರಿ, ಅವನ ಹೆಂಡತಿ. ಪ್ರವಾಸಿಗಳು ಅತ್ತ ತಲೆಹಾಕುತ್ತಿರಲಿಲ್ಲ.

ವಾಸನೆಯ ಜಗಳದಿಂದಲೇ ನಮ್ಮ ಪರಿಚಯವಾಯಿತು. "ಏನ್ರೀ, ಎದುರುಗಡೆಯಿಂದ ಏನೋ ಕೆಮಿಕಲ್ ಸ್ಮೆಲ್ಲು ಬರ್ತಿದೆ, ತಲೆನೋವು ಬಂತು, ಹೋಗಿ ಒಂದು ಮಾತು ಕೇಳಿ ಬನ್ನಿ," ಎಂದು ನನ್ನ ಹೆಂಡತಿ ಕಳಿಸಿದಳು. ಹೋಗಿ ಬಾಗಿಲು ತಟ್ಟಿದೆ. ಕೈಯಲ್ಲಿ ಹತ್ತಿ ಸುತ್ತಿದ ಕಡ್ಡಿ ಹಿಡಿದು ಬಾಗಿಲು ತೆರೆದರು.

"ಅಸಿಟೋನ್ ರೀ ಅದು. ನಿಮ್ಮ ಮನ್ಯಾಗ ಯಾರೂ ಉಗುರಿಗೆ ಬಣ್ಣಾ ಹಚ್ಚೂದಿಲ್ಲೇನು?"

"ಹಚ್ತಾರೆ ಮೇಡಂ. ಆದ್ರೆ ದಿನವಿಡೀ ತೆಗೀತಾ ಕೂರಲ್ಲ."

"ನಾ ಕೂಡ್ತೀನಿ. ಕಿಟಕಿ ತಕ್ಕೊಳ್ರಿ," ಎಂದು ಬಾಗಿಲು ಹಾಕಿಕೊಂಡರು.

ಹೀಗೆ ಶುರುವಾದದ್ದು ಕೊನೆಯವರೆಗೂ ಹಾಗೇ ನಡೆಯಿತು. ಆದರೂ ಆ ಕಟ್ಟಡದಲ್ಲಿ ಕನ್ನಡದವರೆಂದರೆ ನಾವಿಬ್ಬರು, ಅವರು, ಅಷ್ಟೇ. ಅವರು ಊರಿಗೆ ಹೋದಾಗ ಗಿಡಕ್ಕೆ ನೀರು ಹಾಕುವ ಕೆಲಸ ನನ್ನ ಹೆಂಡತಿಗೆ ಬಿತ್ತು. ಅವಳಿಗೆ ಅವರ ಬಗ್ಗೆ ಭಯವೂ ಇತ್ತು, ಯಾಕೋ ಪ್ರೀತಿಯೂ ಇತ್ತು. ಹೀಗಾಗಿ ಹೋಗಿಬಂದು ಇರಬೇಕಾಯಿತು.

ಅವರ ಊಟದ ಮೇಜಿನ ಮೇಲೆ ಊಟ ನಡೆದದ್ದನ್ನು ನಾನು ನೋಡಿಲ್ಲ. ಅದರ ಮೇಲೆ ಗೋಡೆಯ ದೊಡ್ಡ ದೊಡ್ಡ ಫೋಟೋಗಳು, ಅವುಗಳ ಮೇಲೆ ದಪ್ಪ ಪಾರದರ್ಶಕ ಹಾಳೆ. ಹಾಳೆಯ ಮೇಲೆ ಕಪ್ಪು ಶಾಯಿಯಲ್ಲಿ ಒಂದೊಂದೇ ಗೆರೆ ಎಳೆಯುತ್ತಿದ್ದರು. ತಪ್ಪಿದ ಗೆರೆಯನ್ನು ಅಸಿಟೋನ್ ಅದ್ದಿದ ಹತ್ತಿಯಿಂದ ಒರೆಸುತ್ತಿದ್ದರು. ಚಳಿಗಾಲದಲ್ಲಿ ಹಾಳೆಗಳನ್ನು ಸುರುಳಿ ಸುತ್ತಿ ಲಕ್ಸರ್‌ಗೆ ಒಯ್ದು, ಗೋಡೆಯ ಮುಂದೆ ನಿಂತು ಪ್ರತಿಯೊಂದು ಗೆರೆಯನ್ನೂ ತಾಳೆ ನೋಡುವುದು. ಮತ್ತೆ ಇಲ್ಲಿಗೆ ಬಂದು ತಿದ್ದುವುದು. ಅವರ ವೃತ್ತಿಯೆಂದರೆ ಇದು. ನಾನು ಅಲ್ಲಿಯವರೆಗೆ ಪುರಾತತ್ವವೆಂದರೆ ಅಗೆಯುವುದು, ಚಿನ್ನ ಸಿಗುವುದು ಎಂದೇ ತಿಳಿದಿದ್ದೆ. ಹಾಗೆ ಹೇಳಿಯೂ ಬಿಟ್ಟೆ.

"ಬಂಗಾರ ಕಳ್ಳರು ಒಯ್ದು ಮುಗಸ್ಯಾರ. ಉಳದದ್ದು ಗ್ವಾಡಿ. ಅದೂ ವರ್ಷಾ ವರ್ಷಾ ಉದುರ್ತದ. ಉದುರೂದರಾಗ ಬರಕೋಬೇಕು," ಎಂದರು. ಆಮೇಲೆ ನನ್ನ ಕೈಯಲ್ಲಿದ್ದ ಪತ್ರಿಕೆ ನೋಡಿ, "ನಿಮ್ಮ ಪೇಪರ್ ನಾಳೆ ಮಧ್ಯಾಹ್ನಕ್ಕ ಹಳೇದಾಗ್ತದ. ನಂದು ಹಳೇದಾದ ಮ್ಯಾಲೇ ಶುರು ಆಗ್ತದ."

ಆ ಕೆಲಸಕ್ಕೆ ಒಂದು ಕಟ್ಟುಪಾಡು ಇತ್ತು. ಗೋಡೆಯಲ್ಲಿ ಕಣ್ಣಿಗೆ ಕಾಣುವುದಕ್ಕೆ ಮಾತ್ರ ಪೂರ್ಣ ಗೆರೆ. ಉದುರಿಹೋಗಿದ್ದರೂ ಇತ್ತೆಂದು ಹೇಳಲು ಆಧಾರವಿದ್ದರೆ ಚುಕ್ಕೆ ಗೆರೆ. ಆಧಾರವಿಲ್ಲದಿದ್ದರೆ ಖಾಲಿ. ಒಬ್ಬರು ಬರೆದದ್ದನ್ನು ಇನ್ನೊಬ್ಬರು ಗೋಡೆಯ ಮುಂದೆ ನಿಂತು ನೋಡಬೇಕು, ಇಬ್ಬರಿಗೂ ಕಂಡದ್ದು ಮಾತ್ರ ಅಚ್ಚಿಗೆ ಹೋಗಬೇಕು. ನಮ್ಮ ಡೆಸ್ಕಿನಲ್ಲೂ ವರದಿಗಾರ ಬರೆದದ್ದನ್ನು ಇನ್ನೊಬ್ಬರು ಓದದೆ ಪುಟಕ್ಕೆ ಬಿಡುತ್ತಿರಲಿಲ್ಲ. ಅದನ್ನು ಅವರಿಗೆ ಹೇಳಿದೆ. ಮೆಚ್ಚುತ್ತಾರೆಂದುಕೊಂಡಿದ್ದೆನೇನೋ... "ಅದಕ್ಕ ಅಷ್ಟು ತಪ್ಪು ಇರ್ತಾವೇನು?" ಎಂದು ಕೇಳಿದರು.

ತಾವು ಈ ಕೆಲಸಕ್ಕೆ ಬಂದ ಬಗೆಯನ್ನು ಅವರು ಒಂದು ಕಡೆ ಕೂತು ಹೇಳಿದ್ದಿಲ್ಲ. ಯಾರನ್ನೋ ಬೈಯುವಾಗ ತುಣುಕು ತುಣುಕಾಗಿ ಹೊರಬರುತ್ತಿತ್ತು. ಧಾರವಾಡದಲ್ಲಿ ಇತಿಹಾಸದ ಎಂ.ಎ., ಅಲ್ಲಿಂದ ಸ್ಕಾಲರ್‌ಶಿಪ್ಪಿನ ಮೇಲೆ ವಿದೇಶ. ಮೊದಲ ಸಲ ಈಜಿಪ್ಟಿಗೆ ಹೋದ ತಂಡದಲ್ಲಿ ಅವರನ್ನು ಗೋಡೆಯ ಹತ್ತಿರ ಬಿಡಲಿಲ್ಲವಂತೆ. ಹೊರಗೆ ಡೇರೆಯಲ್ಲಿ ಕೂರಿಸಿ ಮಡಕೆಚೂರು ತೊಳೆಯಲು ಹಚ್ಚಿದರಂತೆ. ತಂಡದ ಮುಖ್ಯಸ್ಥ ಒಂದು ದಿನ ಊಟದ ಹೊತ್ತಿಗೆ ಎಲ್ಲರೆದುರು, ನಿಮ್ಮ ದೇಶದಲ್ಲಿ ನೋಡಲು ಗೋಡೆಗಳಿಲ್ಲವೇ ಎಂದು ಕೇಳಿದನಂತೆ. ಅವನ ಹೆಸರು ಹೇಳುವಾಗ ಮೇಡಂ ಮುಖ ಹುಳಿ ತಿಂದಂತಾಗುತ್ತಿತ್ತು. ಊರಿನಲ್ಲಿ ಇನ್ನೊಂದು ಥರ. ಗೋರಿಯೊಳಗೆ ಓಡಾಡಿ ಬಂದವಳೆಂದು ಅತ್ತೆ, ಅಂದರೆ ತಂದೆಯ ಅಕ್ಕ, ಅವರನ್ನು ಹಿತ್ತಲಲ್ಲೇ ನಿಲ್ಲಿಸಿ ತಲೆಯ ಮೇಲೆ ನೀರು ಸುರಿದು ಒಳಗೆ ಬಿಟ್ಟುಕೊಳ್ಳುತ್ತಿದ್ದರಂತೆ. "ಸತ್ತು ಮೂರು ಸಾವಿರ ವರ್ಷಾತು, ಇನ್ನೂ ಸೂತಕ ಇರ್ತದೇನು ಅತ್ಯಾ ಅಂದ್ರ, ಹೆಣಾ ಹೆಣಾನ ಅಂದ್ಲು," ಎಂದು ಹೇಳಿ ಆಗ ಮಾತ್ರ ಮೇಡಂ ನಿಜವಾಗಿ ನಕ್ಕಿದ್ದರು.

ತಂದೆ ತೀರಿಕೊಂಡಾಗ ಅವರು ಕಾಲೇಜಿನಲ್ಲಿದ್ದರು. ಒಬ್ಬಳೇ ಮಗಳು. ಕರ್ಮವನ್ನು ಕಾಕಾನ ಮಗ ಮಾಡಿದ. ತಂದೆಗೂ ಅವನಿಗೂ ಮಾತೇ ಇರಲಿಲ್ಲವಂತೆ, ಆಸ್ತಿಯ ಜಗಳ. ಆದರೂ ಎಳ್ಳುನೀರು ಬಿಟ್ಟವನು ಅವನೇ. ಇವರು ಅಡುಗೆಮನೆಯ ಬಾಗಿಲ ಹಿಂದೆ ನಿಂತು ನೋಡಿದರು. "ನನಗ ಒಂದು ಹನಿ ಬಿಡಲಿಕ್ಕೆ ಕೊಡಲಿಲ್ಲ" ಎಂದು ಒಮ್ಮೆ ಹೇಳಿದ್ದರು. ಹೇಳಿದವರು ಕೂಡಲೇ ಮಾತು ಬದಲಿಸಿ, ನಮ್ಮ ಮನೆಯ ಟಿ.ವಿ. ಸದ್ದು ಜಾಸ್ತಿಯಾಯಿತೆಂದು ದೂರಿದರು.

ಅವರಿಗೆ ಹೆಸರು ತಂದದ್ದು ಆ ಗೋರಿಯ ಒಂದು ಗೋಡೆ. ಅದರಲ್ಲಿ ಸತ್ತ ಗಂಡ ಹೆಂಡತಿ ಕುರ್ಚಿಗಳ ಮೇಲೆ ಕುಳಿತಿದ್ದಾರೆ. ಮುಂದೆ ಮೇಜಿನ ಮೇಲೆ ರೊಟ್ಟಿ, ಹಣ್ಣು, ಬಾತುಕೋಳಿ. ಎದುರಿಗೆ ಯಾರೋ ನಿಂತು ಹೂಜಿಯಿಂದ ನೀರು ಬಿಡುತ್ತಿದ್ದಾರೆ. ಆದರೆ ನಿಂತವರ ಮೈ ಉದುರಿಹೋಗಿದೆ. ಉಳಿದಿರುವುದು ಒಂದು ಕೈ, ಹೂಜಿ, ನೀರಿನ ಗೆರೆಗಳು. ಹೆಸರು ಬರೆದಿದ್ದ ಜಾಗವೂ ಇಲ್ಲ. ಈಜಿಪ್ಟಿನವರು ಗಂಡಸರ ಮೈಗೆ ಕೆಂಪುಗಂದು ಬಣ್ಣ, ಹೆಂಗಸರಿಗೆ ಹಳದಿ ಹಚ್ಚುತ್ತಿದ್ದರು. ಈ ಕೈಗೆ ಯಾವ ಬಣ್ಣವಿತ್ತೋ ತಿಳಿಯದು. ಎಷ್ಟೋ ಕಾಲದ ನಂತರ ಆ ಗೋರಿಯಲ್ಲಿ ಬಡವರು ಸಂಸಾರ ಹೂಡಿದ್ದರು, ಅವರ ಒಲೆಯ ಮಸಿ ಗೋಡೆಗೆಲ್ಲ ಹತ್ತಿತ್ತು. ಇಂಥ ಚಿತ್ರಗಳಲ್ಲಿ ನೀರು ಬಿಡುವವನು ಸಾಮಾನ್ಯವಾಗಿ ಮಗ. ಮೇಡಂ ಮಾತ್ರ ಕೆಳಗೆ, ಕಣಕಾಲಿನ ಹತ್ತಿರ, ಉದ್ದ ಉಡುಪಿನ ಅಂಚೊಂದನ್ನು ಕಂಡಿದ್ದರು. ಹೆಂಗಸಿನ ಉಡುಪು. ಅದನ್ನು ಪೂರ್ಣ ಗೆರೆಯಲ್ಲಿ ಬರೆದರು. ನೀರು ಬಿಡುತ್ತಿರುವವಳು ಮಗಳು ಎಂದು ಲೇಖನ ಪ್ರಕಟಿಸಿದರು. ಅದು ಅವರ ಕ್ಷೇತ್ರದಲ್ಲಿ ಸುದ್ದಿಯಾಯಿತು. ಇಡೀ ಗೋರಿಯ ಬಗ್ಗೆ ದೊಡ್ಡ ಪುಸ್ತಕ ತರುವ ಕೆಲಸ ನಡೆದಿತ್ತು, ಆ ಪುಸ್ತಕದ ನಡುಮನೆ ಈ ಗೋಡೆಯೇ.

ಈ ಬಗ್ಗೆ ನನ್ನ ಪತ್ರಿಕೆಯಲ್ಲಿ ಬರೆಯಬೇಕೆಂದು ಅವರು ಕೇಳಿದರು. ನೆರೆಮನೆಯವರ ಬಗ್ಗೆ ನಾನು ಬರೆಯುವ ಹಾಗಿಲ್ಲ, ನಮ್ಮಲ್ಲಿ ನಿಯಮವಿದೆ, ಬೇರೆಯವರಿಗೆ ಹೇಳುತ್ತೇನೆ ಎಂದೆ. "ಹೇಳಬ್ಯಾಡ್ರಿ. ನಿಮಗ ಬರೀಲಿಕ್ಕೆ ಬರೂದಿಲ್ಲಂತ ಹೇಳ್ರಿ, ಸಾಕು," ಎಂದರು. ಬಹಳ ದಿನ ಲಿಫ್ಟಿನಲ್ಲಿ ಎದುರಾದರೂ ಮುಖ ತಿರುಗಿಸುತ್ತಿದ್ದರು.

ಪತ್ರಿಕೆಯಲ್ಲಿ ಬರದಿದ್ದರೂ ಆ ಮಗಳು ನಮ್ಮವರ ನಡುವೆ ಓಡಾಡತೊಡಗಿದಳು. ಕನ್ನಡದವರ ಒಂದು ಯುಗಾದಿ ಕಾರ್ಯಕ್ರಮದಲ್ಲಿ, ಶಾಲೆಯೊಂದರ ಸಭಾಂಗಣದಲ್ಲಿ, ಮೇಡಂ ಭಾಷಣ ಮಾಡಿದರು. ಕೋಸಂಬರಿ ಪಾನಕದ ನಡುವೆ ಗೋರಿಯ ಚಿತ್ರ ತೋರಿಸಬಹುದೇ ಎಂದು ಸಂಘಟಕರಿಗೆ ಸ್ವಲ್ಪ ಅಳುಕಿತ್ತು. ಚಿತ್ರ ಪರದೆಯ ಮೇಲೆ ಬಂದಾಗ ಮಾತಾಡುತ್ತಿದ್ದ ಹೆಂಗಸರು ಅತ್ತ ತಿರುಗಿದರು. ಭಾಷಣ ಮುಗಿದ ಮೇಲೆ ಒಬ್ಬಾಕೆ ಎದ್ದು ನಿಂತಳು. ಮೈಸೂರಿನವಳು, ಇಲ್ಲಿ ಫ್ರೀಮಾಂಟಿನಲ್ಲಿ ಹಲ್ಲಿನ ಡಾಕ್ಟರು, ನಮಗೂ ಪರಿಚಯ.

"ನಾವು ಇಬ್ರೂ ಹೆಣ್ಣುಮಕ್ಕಳೇ ಮೇಡಂ. ಅಪ್ಪ ನನ್ನ ಜೊತೆನೇ ಇದಾರೆ, ಹುಷಾರಿಲ್ಲ. ನಾಳೆ ಏನಾದ್ರೂ ಆದ್ರೆ..."

"ನೀವ ಮಾಡ್ರಿ. ಯಾರನ್ನ ಕೇಳ್ತೀರಿ?" ಎಂದರು ಮೇಡಂ. ಚಪ್ಪಾಳೆ ಬಿತ್ತು.

ಕೆಲವು ತಿಂಗಳ ನಂತರ ಆಕೆಯ ತಂದೆ ತೀರಿಕೊಂಡರು. ಎಲ್ಲವನ್ನೂ ಆಕೆಯೇ ಮಾಡಿದಳು. ಪುರೋಹಿತರು ಒಪ್ಪದಿದ್ದಾಗ ಫೋನಿನಲ್ಲಿ ಆ ಗೋಡೆಯ ಚಿತ್ರ ತೋರಿಸಿದಳಂತೆ. "ಅದು ಈಜಿಪ್ಟು ಕಣಮ್ಮ, ಇದು ಫ್ರೀಮಾಂಟು" ಎಂದು ಅವರು ಹೇಳಿದ್ದು ನಮ್ಮವರಲ್ಲೆಲ್ಲ ಹರಡಿತ್ತು. ಕೊನೆಗೆ ಪುರೋಹಿತರೂ ಮಂತ್ರ ಹೇಳಿಕೊಟ್ಟರು, ಆಕೆ ನೀರು ಬಿಟ್ಟಳು. ಮೇಡಂಗೆ ಸಿಹಿ ತಂದುಕೊಟ್ಟು ಕಾಲಿಗೆ ನಮಸ್ಕಾರ ಮಾಡಿ ಹೋದಳು. ಮೇಡಂ ಆ ಡಬ್ಬಿಯನ್ನು ತಂದು ನನ್ನ ಹೆಂಡತಿಗೆ ಕೊಟ್ಟು, "ನನಗ ಶುಗರ್ ಅದ. ನಿಮ್ಮ ಮನಿಯವರಿಗೆ ತಿನ್ನಸ್ರಿ, ಬಾಯಿ ಸ್ವಲ್ಪ ಸಿಹಿ ಆಗಲಿ," ಎಂದರು. ಆದರೆ ಆ ದಿನ ಅವರು ಖುಷಿಯಾಗಿದ್ದರು. ಅದನ್ನು ನಾನು ನೋಡಿದ್ದೇನೆ, ಹಾಗಾಗಿ ಬರೆಯುತ್ತಿದ್ದೇನೆ.

ಆಮೇಲೆ ಬಂದವಳು ಅವರ ಒಬ್ಬ ವಿದ್ಯಾರ್ಥಿನಿ. ಕೈರೋದ ಹುಡುಗಿ, ಪಿಎಚ್‌ಡಿಗೆ ಬಂದಿದ್ದಳು. ಪುಸ್ತಕ ಅಚ್ಚಿಗೆ ಹೋಗುವ ಮುಂಚೆ ಎಲ್ಲ ಗೋಡೆಗಳ ಹಾಳೆಗಳನ್ನೂ ತಾಳೆ ನೋಡುವುದು ಅವಳ ಕೆಲಸ. ಉಳಿದ ಗೋಡೆಗಳನ್ನೆಲ್ಲ ಮೇಡಂ ಬೇರೆಯವರಿಗೆ ತೋರಿಸಿ ಒಪ್ಪಿಸಿದ್ದರು. ಈ ಗೋಡೆಯನ್ನು ಮಾತ್ರ ತಾವೇ ಬರೆದು ತಾವೇ ನೋಡಿ ಮುಗಿಸಿದ್ದರೆಂದು ಅವಳಿಗೆ ಆಗ ಗೊತ್ತಾಯಿತಂತೆ. ಅವಳು ಊರಿಗೆ ಹೋದಾಗ ಗೋರಿಗೆ ಹೋಗಿ, ದೀಪವನ್ನು ಗೋಡೆಗೆ ತಾಗುವಷ್ಟು ಹತ್ತಿರ ಪಕ್ಕದಿಂದ ಹಿಡಿದು ಹೊಸ ಫೋಟೋ ತೆಗೆದಳು. ಹಾಗೆ ಬೆಳಕು ಬಿದ್ದರೆ ಗೋಡೆಯ ಒಂದೊಂದು ಉಬ್ಬು ತಗ್ಗೂ ಎದ್ದು ಕಾಣುತ್ತದೆ. ಫೋಟೋ ತಂದು ಮೇಡಂ ಮುಂದೆ ಇಟ್ಟು, ಅದು ಉಡುಪಿನ ಅಂಚಲ್ಲ, ಬಿರುಕು ಎಂದಳು.

ಆ ದಿನ ಮೇಡಂ ಕೂಗಾಡಿದ್ದು ನಮ್ಮ ಅಡುಗೆಮನೆಗೂ ಕೇಳಿಸಿತು. ಇಂಗ್ಲಿಷಿನಲ್ಲಿ ನಡೆಯುತ್ತಿತ್ತು. ನಿಮ್ಮ ದೇಶದ ಗೋಡೆ ಅಂದಮಾತ್ರಕ್ಕೆ ನಿನಗೆ ನನಗಿಂತ ಹೆಚ್ಚು ಕಾಣುತ್ತದೆಯೇ ಎಂದು ಕೇಳಿದರು. ಹುಡುಗಿ ಬಾಗಿಲು ತೆರೆದು ಹೊರಬಿದ್ದಳು. ಕಾರಿಡಾರಿನಲ್ಲಿ ಅವಳ ಹೆಜ್ಜೆ ದೂರವಾದದ್ದು ಕೇಳಿಸಿತು. ನನ್ನ ಹೆಂಡತಿ ಒಲೆ ಆರಿಸಿ, "ಇವರಿಗೂ ಯಾರೋ ಹೀಗೇ ಅಂದಿದ್ರು ಅಲ್ವಾ?" ಎಂದಳು.

ಮರುದಿನ ಸಂಜೆ ಮೇಡಂ ನಮ್ಮ ಬಾಗಿಲು ತಟ್ಟಿದರು. ಒಳಗೆ ಬರಲಿಲ್ಲ.

"ನೀವು ತಪ್ಪು ಹುಡುಕೋ ಮಂದಿ. ಬರ್ರಿ ಇಲ್ಲೆ. ಒಂದ ಫೋಟೋ ನೋಡೂದದ."

ಹೋದೆ. ಮೇಜಿನ ದೀಪ ಹಾಕಿ ಆ ಹುಡುಗಿ ತೆಗೆದ ಫೋಟೋವನ್ನು ನನ್ನ ಮುಂದೆ ಸರಿಸಿದರು. ಕೈಯನ್ನೂ ಹೂಜಿಯನ್ನೂ ಗುರುತಿಸಿದೆ. ಕೆಳಗೆ ಒಂದು ಗೆರೆ ನೇರವಾಗಿ ಇಳಿದಿತ್ತು. ಗೋಡೆಯ ಬುಡದಲ್ಲಿ ಬೇರೆ ಬಣ್ಣದ ಮಣ್ಣಿನ ತೇಪೆ. ಅದೇನೆಂದು ಕೇಳಿದೆ. ಗೋರಿಯಲ್ಲಿ ಸಂಸಾರ ಹೂಡಿದ ಜನ ಮೆತ್ತಿದ್ದು, ಚಿತ್ರ ಬರೆದು ಎರಡು ಸಾವಿರ ವರ್ಷವಾದ ಮೇಲಿನದು ಎಂದರು. ಆ ಗೆರೆ ತೇಪೆಯ ಮೇಲೂ ಮುಂದುವರಿದಿತ್ತು. ಚಿತ್ರಕಾರ ಎಳೆದ ಗೆರೆ ಅವನು ಸತ್ತ ಮೇಲೆ ಮೆತ್ತಿದ ಮಣ್ಣಿನ ಮೇಲೆ ಹೋಗುವುದು ಹೇಗೆ? ಗೋಡೆ ಬಿರಿದಾಗ ತೇಪೆಯೂ ಜೊತೆಗೆ ಬಿರಿದಿದೆ, ಅಷ್ಟೇ. ಅದನ್ನೇ ಹೇಳಿದೆ.

"ಆ ಹುಡುಗಿ ನಿಮಗ ಮೊದಲ ಹೇಳಿ ಕಳಿಸ್ಯಾಳ."

"ಅವರ ಜೊತೆ ನಾನು ಮಾತಾಡಿಲ್ಲ ಮೇಡಂ."

"ಇಲ್ಲೆ ಮಗಳು ಕಾಣಸ್ತಾಳೋ ಇಲ್ಲೋ?"

"ಇಲ್ಲ."

"ಮಗ?"

"ಅವನೂ ಇಲ್ಲ."

"ಹಂಗಾದ್ರ ಎದ್ದು ನಡೀರಿ."

ಎದ್ದು ಬಂದೆ. ಬಾಗಿಲು ಹಾಕುವ ಮುಂಚೆ ನಿಮಗೆ ಇದರ ಅ ಆ ಗೊತ್ತಿಲ್ಲ, ನಿಮ್ಮನ್ನು ಕರೆದದ್ದು ನನ್ನ ತಪ್ಪು ಎಂದರು. ಅದೂ ನಿಜವೇ, ನನಗೆ ಅ ಆ ಗೊತ್ತಿರಲಿಲ್ಲ. ಆದರೆ ಅವರಿಗೆ ಬೇಕಾಗಿದ್ದದ್ದೂ ಅ ಆ ಗೊತ್ತಿಲ್ಲದ ಒಂದು ಜೊತೆ ಕಣ್ಣು ಎಂದು ಆಮೇಲೆ ಅನ್ನಿಸಿತು.

ಆ ಗೆರೆ ಹೋದರೆ ಅವರಿಗೆ ಏನು ಹೋಗುತ್ತದೆ ಎಂಬುದು ಎಲ್ಲರಿಗೂ ಗೊತ್ತಿತ್ತು. ಹೆಸರು ಬಂದದ್ದು ಆ ಲೇಖನದಿಂದ. ಪುಸ್ತಕ ನಿಂತದ್ದು ಆ ಗೋಡೆಯ ಮೇಲೆ. ಮಡಕೆಚೂರು ತೊಳೆಸಿದವರ ಬಾಯಿ ಮುಚ್ಚಿಸಿದ್ದು ಆ ಮಗಳು. ಗೆರೆಯನ್ನು ಹಾಗೇ ಬಿಟ್ಟು ಅಚ್ಚು ಮಾಡಿಸಿದ್ದರೆ ತಡೆಯುವವರು ಯಾರೂ ಇರಲಿಲ್ಲ. ವಿದ್ಯಾರ್ಥಿನಿಯ ಮುಂದಿನ ಬದುಕು ಇವರ ಒಂದು ಶಿಫಾರಸಿನ ಮೇಲೆ ನಿಂತಿತ್ತು, ಅವಳು ಎಷ್ಟೆಂದು ಮಾತಾಡಿಯಾಳು? ನಾನಂತೂ ಅವರು ಬಿಡುವುದಿಲ್ಲ ಎಂದೇ ತಿಳಿದಿದ್ದೆ. ಹೆಂಡತಿಗೂ ಹಾಗೇ ಹೇಳಿದ್ದೆ.

ಆ ಚಳಿಗಾಲ ಅವರು ಲಕ್ಸರ್‌ಗೆ ಹೊರಟಾಗ ಹುಡುಗಿಯನ್ನೂ ಜೊತೆಗೆ ಕರೆದೊಯ್ದರು. ಅಲ್ಲಿ ನಡೆದದ್ದನ್ನು ನಾನು ನೋಡಿಲ್ಲ. ಮೇಡಂ ತೀರಿಹೋದ ಮೇಲೆ ಅವರ ಹಾಳೆಗಳನ್ನು ಒಯ್ಯಲು ಬಂದಿದ್ದಾಗ, ನಮ್ಮ ಮನೆಯಲ್ಲಿ ಚಹಾ ಕುಡಿಯುತ್ತ ಅವಳೇ ಹೇಳಿದ್ದು.

ಗೋರಿಯ ಒಳಗೆ ಹೋಗಿ ಮೇಡಂ ದೀಪವನ್ನು ಹುಡುಗಿಯ ಕೈಗೆ ಕೊಟ್ಟು, ಗೋಡೆಯ ಪಕ್ಕಕ್ಕೆ ಹಿಡಿ ಎಂದರು. ಇನ್ನೂ ಕೆಳಗೆ. ಇನ್ನೂ ಹತ್ತಿರ. ಕೈ ನಡುಗಿಸಬೇಡ. ನೆಲದ ಮೇಲೆ ಮಂಡಿಯೂರಿ, ಕೆನ್ನೆ ಗೋಡೆಗೆ ತಾಗುವಂತೆ ಬಗ್ಗಿ ನೋಡಿದರು. ದೀಪವನ್ನು ಇನ್ನೊಂದು ಕಡೆಯಿಂದ ಹಿಡಿಸಿ ಮತ್ತೆ ನೋಡಿದರು. ಹುಡುಗಿಯ ತೋಳು ಸೋತುಹೋಯಿತು. ಆಮೇಲೆ ಎದ್ದು, ಮೊಣಕಾಲಿನ ಧೂಳು ಕೊಡವದೆ, ಹಾಳೆ ತೆಗೆದುಕೊಂಡು ಬಾಗಿಲ ಬೆಳಕಿಗೆ ಹೋಗಿ ಒಂದು ಕಲ್ಲಿನ ಮೇಲೆ ಕುಳಿತರು. ಕಡ್ಡಿಗೆ ಹತ್ತಿ ಸುತ್ತಿದರು. ಆ ಗೆರೆಯನ್ನು ಮೇಲಿನಿಂದ ಕೆಳಗಿನವರೆಗೆ ಒರೆಸಿದರು.

ಅಷ್ಟು ಬೇಡವೆಂದು ಹುಡುಗಿಯೇ ಹೇಳಿದಳಂತೆ. ಚುಕ್ಕೆ ಗೆರೆಯಾಗಿ ಉಳಿಸಿ, ಮಗಳಾಗಿದ್ದಿರಬಹುದು ಎಂದು ಬರೆಯಿರಿ, ಯಾರೂ ತಪ್ಪೆನ್ನುವುದಿಲ್ಲ ಎಂದು. ಮೇಡಂ ತಲೆ ಎತ್ತಲಿಲ್ಲ. "ಚುಕ್ಕೆ ಹಾಕಲು ಆಧಾರ ಬೇಕು. ನನ್ನಲ್ಲಿ ಇದ್ದದ್ದು ಆಸೆ. ಅದಕ್ಕೆ ಗೆರೆ ಇಲ್ಲ," ಎಂದರಂತೆ. ಹತ್ತಿಯ ಕಡ್ಡಿಯನ್ನು ಕೆಳಗಿಟ್ಟು, ದೀಪ ಹಿಡಿಯಲು ಇನ್ನೂ ಕಲಿಯಬೇಕು ನೀನು ಎಂದೂ ಹೇಳಿದರಂತೆ.

ಇದನ್ನು ಹೇಳುವಾಗ ಹುಡುಗಿಯ ದನಿಯಲ್ಲಿ ಮೆಚ್ಚುಗೆಗಿಂತ ಕೋಪವೇ ಹೆಚ್ಚಿತ್ತು. ಅವರು ನನ್ನಲ್ಲಿ ಒಂದು ದಿನವೂ ಕ್ಷಮೆ ಕೇಳಲಿಲ್ಲ ಎಂದಳು. ಪುಸ್ತಕ ನಾನೂ ನೋಡಿದ್ದೇನೆ. ಆ ಗೋಡೆಯ ಚಿತ್ರದ ಕೆಳಗೆ, ತಾಳೆ ನೋಡಿದವರು ಎಂಬಲ್ಲಿ ಹುಡುಗಿಯ ಹೆಸರಿದೆ. ಕೃತಜ್ಞತೆಯ ಪುಟದಲ್ಲಿ ಇಲ್ಲ. ಚಿತ್ರದಲ್ಲಿ ಕೈ, ಹೂಜಿ, ನೀರು. ಆಚೆಗೆ ಬಿಳಿ ಕಾಗದ. ಪಕ್ಕದ ಪುಟದಲ್ಲಿ, ಇಲ್ಲಿ ಮಗಳಿದ್ದಾಳೆ ಎಂದು ಹಿಂದೆ ನಾನು ಬರೆದದ್ದು ತಪ್ಪು, ನೀರು ಬಿಡುತ್ತಿರುವವರು ಯಾರೆಂದು ಗೋಡೆ ಹೇಳುವುದಿಲ್ಲ ಎಂದು ಬರೆದಿದ್ದಾರೆ. ಕಾರಣ, ಸಮಜಾಯಿಷಿ ಏನೂ ಇಲ್ಲ. ಪತ್ರಿಕೆಯಲ್ಲಿ ನಾವು ತಿದ್ದುಪಡಿಗಳನ್ನು ಒಳಪುಟದ ಮೂಲೆಗೆ ಹಾಕುತ್ತಿದ್ದೆವು, ಓದುಗನ ಕಣ್ಣಿಗೆ ಬೀಳದಿರಲಿ ಎಂಬ ಒಳಆಸೆ ಎಲ್ಲರಿಗೂ ಇರುತ್ತಿತ್ತು. ಇವರು ಪುಸ್ತಕದ ನಡುವೆ, ದಪ್ಪ ಅಕ್ಷರದಲ್ಲಿ ಹಾಕಿಸಿದ್ದರು.

ವಿಷಯ ನಮ್ಮವರಿಗೂ ತಿಳಿಯಿತು. ಒಂದು ಭಾನುವಾರ ಬೆಳಿಗ್ಗೆ ನಾನು ಕಸದ ಚೀಲ ಹಿಡಿದು ಬಾಗಿಲು ತೆರೆದಾಗ ಕಾರಿಡಾರಿನಲ್ಲಿ ಆ ಹಲ್ಲಿನ ಡಾಕ್ಟರು ಮೇಡಂ ಬಾಗಿಲ ಮುಂದೆ ನಿಂತಿದ್ದಳು. ಒಳಗೆ ಕರೆದಿರಲಿಲ್ಲ. ನನಗೆ ಹಿಂದಕ್ಕೆ ಸರಿಯಬೇಕೆನಿಸಿತು, ಸರಿಯಲಿಲ್ಲ.

"ಅದು ಮಗಳಲ್ಲವಂತೆ. ನಿಜಾನಾ ಮೇಡಂ?"

"ಗೊತ್ತಿಲ್ಲ ಅಂತ ಬರದೀನಿ. ಓದ್ರಿ."

"ನೀವು ಸ್ಟೇಜ್ ಮೇಲೆ ನಿಂತು ಮಗಳು ಅಂದ್ರಿ. ನಾನು ಅದನ್ನ ನಂಬಿಕೊಂಡು ಮನೆಯವರ ಜೊತೆ, ಪುರೋಹಿತರ ಜೊತೆ ಜಗಳ ಆಡಿದೀನಿ. ನನ್ನ ತಂಗಿ ಇವತ್ತಿಗೂ ನನ್ನ ಜೊತೆ ಮಾತಾಡಲ್ಲ. ಈಗ ಎಲ್ರೂ ನನ್ನ ನೋಡಿ ನಗ್ತಿದಾರೆ."

"ನಗಲಿ."

"ಯಾಕೆ ಅಳಿಸಿದ್ರಿ? ಇದ್ದಿದ್ರೆ ಯಾರಿಗೆ ಏನು ನಷ್ಟ ಆಗ್ತಿತ್ತು?"

ಬಾಗಿಲ ಹಿಡಿಯ ಮೇಲೆ ಮೇಡಂ ಕೈ ಇತ್ತು, ಬೆರಳ ತುದಿಗಳಲ್ಲಿ ಶಾಯಿ.

"ಹಾಗಾದ್ರೆ ನಾನು ಮಾಡಿದ್ದು ತಪ್ಪಾ?"

"ನೀವು ನೀರು ಬಿಟ್ಟದ್ದು ನಿಮ್ಮ ಅಪ್ಪಗ," ಎಂದರು ಮೇಡಂ. "ನನ್ನ ಗ್ವಾಡಿಗಲ್ಲ. ಹೋಗ್ರಿ."

ಬಾಗಿಲು ಮುಚ್ಚಿತು. ಆಕೆ ತಿರುಗಿ ನನ್ನನ್ನು ನೋಡಿದಳು. ಲಿಫ್ಟಿಗೂ ಕಾಯದೆ ಮೆಟ್ಟಿಲಿಳಿದು ಹೋದಳು.

ಅಲ್ಲಿಂದ ಮುಂದೆ ಹೆಚ್ಚು ಹೇಳುವುದಿಲ್ಲ. ಮೇಡಂ ಆರೋಗ್ಯ ಕೆಟ್ಟಿತು. ಆಸ್ಪತ್ರೆಗೆ ಹೋಗುವ ಮುಂಚೆ ನನ್ನ ಹೆಂಡತಿಗೆ ಮನೆಯ ಕೀಲಿಕೈ ಕೊಟ್ಟು, "ನಾ ಹೋದ ಮ್ಯಾಲೆ ನೀರು ಗೀರು ಬಿಡೂದು ಯಾರೂ ಮಾಡಬ್ಯಾಡ್ರಿ. ದೇಹ ಮೆಡಿಕಲ್ ಕಾಲೇಜಿಗೆ ಬರಕೊಟ್ಟೀನಿ. ನನ್ನ ಯಾರೂ ಅಗೀಬಾರದು, ನನ್ನ ಮ್ಯಾಲೆ ಯಾರೂ ಪುಸ್ತಕಾ ಬರೀಬಾರದು," ಎಂದರಂತೆ. ನನಗೆ ಏನೂ ಹೇಳಿ ಹೋಗಲಿಲ್ಲ. ನಾನೂ ಆಸ್ಪತ್ರೆಗೆ ಹೋಗಲಿಲ್ಲ. ಹೆಂಡತಿ ಹೋಗಿಬರುತ್ತಿದ್ದಳು, ಬಂದು ಬೈಸಿಕೊಂಡದ್ದನ್ನು ಹೇಳುತ್ತಿದ್ದಳು... ಒಂದು ದಿನ ಬಂದು ಏನೂ ಹೇಳಲಿಲ್ಲ. ಅವರು ಹೇಳಿದಂತೆಯೇ ದೇಹವನ್ನು ಒಯ್ದರು. ಧಾರವಾಡದಿಂದ ಯಾರೂ ಬರಲಿಲ್ಲ, ಯಾರನ್ನು ಕರೆಯಬೇಕೆಂದೂ ನಮಗೆ ತಿಳಿದಿರಲಿಲ್ಲ. ಎದುರು ಮನೆಗೆ ಈಗ ಅನಿಮೇಷನ್ ಸ್ಟುಡಿಯೋದಲ್ಲಿ ಕೆಲಸ ಮಾಡುವ ದಂಪತಿ ಬಂದಿದ್ದಾರೆ. ಒಳ್ಳೆಯ ಜನ. ಲಿಫ್ಟಿನಲ್ಲಿ ಹಲೋ ಎನ್ನುತ್ತಾರೆ.

ಅವರ ಬಗ್ಗೆ ನನ್ನ ಅಭಿಪ್ರಾಯ ಬದಲಾಗಿಲ್ಲ. ಒಬ್ಬ ವಿದ್ಯಾರ್ಥಿನಿಗೆ ಹೇಳಬಾರದ್ದನ್ನು ಹೇಳಿದರು. ಒಬ್ಬ ಹೆಂಗಸನ್ನು ಬಾಗಿಲಲ್ಲೇ ನಿಲ್ಲಿಸಿ ಕಳಿಸಿದರು. ಇವೆರಡೂ ನಡೆದದ್ದು. ತಮ್ಮ ಬದುಕಿನ ದೊಡ್ಡ ಗೆರೆಯನ್ನು ತಾವೇ ಒರೆಸಿದ್ದೂ ನಡೆದದ್ದು. ಇಷ್ಟವಿಲ್ಲದವರು ಹೋದಾಗಲೂ ಒಂದು ಜಾಗ ಖಾಲಿಯಾಗುತ್ತದೆ, ಅದನ್ನು ಬೇರೆ ಯಾರೂ ತುಂಬುವುದಿಲ್ಲ. ಈ ಮಾತು ಬರೆಯಲು ನನಗೆ ಇಷ್ಟು ಕಾಲ ಹಿಡಿಯಿತು.

ಸಲೂನಿನ ಮುಂದೆ ಹಾಗೆ ನಿಂತಿದ್ದಾಗ ಅಂಗಡಿಯಿಂದ ಹಲ್ಲಿನ ಡಾಕ್ಟರು ಹೊರಗೆ ಬಂದಳು. ಕಾರಿಡಾರಿನ ಆ ಬೆಳಿಗ್ಗೆಯ ನಂತರ ನಾವು ಮಾತಾಡಿರಲಿಲ್ಲ. ಚೀಲದಲ್ಲಿ ಬಾಳೆ ಎಲೆ, ಕರಿ ಎಳ್ಳಿನ ಪೊಟ್ಟಣ ಕಾಣುತ್ತಿದ್ದವು. ಅಪ್ಪನ ತಿಥಿ ಇದೆ ಎಂದಳು.

"ಈಗಲೂ ನೀವೇ ಮಾಡ್ತೀರಾ?"

"ಮತ್ತಿನ್ಯಾರು ಮಾಡ್ತಾರೆ?" ಕಾರಿನ ಡಿಕ್ಕಿ ತೆರೆದು ಚೀಲ ಇಟ್ಟಳು. ಎಳ್ಳಿನ ಪೊಟ್ಟಣವನ್ನು ಒಳಕ್ಕೆ ತುರುಕುತ್ತ, "ಅಪ್ಪನಿಗೆ ಬಿಟ್ಟ ಮೇಲೆ ಆ ನಿಮ್ಮ ಮೇಡಂಗೂ ಒಂದು ಸಲ ಬಿಡ್ತೀನಿ," ಎಂದಳು.

ಅವರು ಯಾರೂ ಬಿಡಬಾರದು ಎಂದು ಹೇಳಿ ಹೋಗಿದ್ದರು, ಅವರಿಗೆ ಇದು ಇಷ್ಟವಾಗುತ್ತಿತ್ತೆಂದು ನನಗನ್ನಿಸುವುದಿಲ್ಲ ಎಂದೆ.

"ಗೊತ್ತು. ನಿಮ್ಮ ಮನೆಯವರು ಹೇಳಿದಾರೆ," ಎಂದಳು. ಡಿಕ್ಕಿಯನ್ನು ಜೋರಾಗಿ ಮುಚ್ಚಿದಳು. "ಬಾಗಿಲಿಂದ ಆಚೆ ಕಳಿಸಿದ್ರಲ್ಲ, ಈಗ ಹೇಗೆ ಕಳಿಸ್ತಾರೋ ನೋಡ್ತೀನಿ."